ಕವುಚಿಟ್ಟ ತಡ್ಪೆ

ಕಡಬದಿಂದ ಹೊರಟ ಬಸ್ಸು ಕೊಯಿಲದಲ್ಲಿ ನಿಂತಾಗ ಒಬ್ಬ ಹೆಂಗಸು ಹತ್ತಿ ನನ್ನ ಪಕ್ಕದಲ್ಲಿ ಕುಳಿತಳು. ಅವಳಿಗಿಂತ ಮೊದಲು ಅವಳ ಚೀಲದ ವಾಸನೆ ಬಂದು ಕುಳಿತಿತ್ತು. ನೆನೆಸಿದ ಎಲೆ, ಹೊಗೆಸೊಪ್ಪಿನ ಪುಡಿ, ಒದ್ದೆ ಗೋಣಿ ಮೂರೂ ಕೂಡಿದ ವಾಸನೆ ಅದು. ಈ ವಯಸ್ಸಿನಲ್ಲಿ ನನಗೆ ಬೆಳಿಗ್ಗೆ ತಿಂದದ್ದು ಸಂಜೆಗೆ ನೆನಪಿರುವುದಿಲ್ಲ, ಕನ್ನಡಕ ಹಣೆಯ ಮೇಲಿದ್ದರೂ ಮನೆಯೆಲ್ಲ ಹುಡುಕುತ್ತೇನೆ. ಆದರೆ ಮೂಗಿಗೆ ಇನ್ನೂ ಮರೆವು ಬಂದಿಲ್ಲ.

“ಬೀಡಿಯಾ?” ಎಂದು ಕೇಳಿದೆ.

ಅವಳು ಚೀಲವನ್ನು ಕಾಲಿನಿಂದ ಮೆಲ್ಲಗೆ ಸೀಟಿನಡಿಗೆ ತಳ್ಳಿದಳು. ಏನೋ ಕದ್ದ ಮಾಲಿನ ಜೊತೆ ಸಿಕ್ಕಿಬಿದ್ದವರ ಹಾಗೆ ಸಣ್ಣಗೆ ನಕ್ಕಳು. “ಹೌದಮ್ಮ. ಊರಿನ ಬ್ರಾಂಚ್ ಮುಚ್ಚಿದ್ರು, ಈಗ ಉಪ್ಪಿನಂಗಡಿಗೆ ಹೋಗಿ ಕೊಡುದು. ಕೆಲಸ ಅಂತ ಎಂತ ಇಲ್ಲ, ಮನೆಯಲ್ಲೇ ಇರುದಲ್ವಾ, ಸುಮ್ಮನೆ ಟೈಂಪಾಸಿಗೆ.”

ನನಗೆ ಸಿಟ್ಟು ಬಂತು. ಅವಳ ಮೇಲಲ್ಲ, ಆ ಮಾತಿನ ಮೇಲೆ. ನೀವು ಕೇಳಬಹುದು, ಪಾಪ, ಯಾರೋ ಏನೋ ಹೇಳಿದರೆ ನಿಮಗೇಕೆ ಉರಿ ಎಂದು. ಜೀವಮಾನವೆಲ್ಲ ಮಕ್ಕಳಿಗೆ ತಿದ್ದಿ ತಿದ್ದಿ ಬಂದ ಚಾಳಿ ನನ್ನದು, ಅದೊಂದು. ಇನ್ನೊಂದು, ಈ ಮಾತನ್ನು ನಾನು ಮೊದಲ ಸಲ ಕೇಳಿದ್ದು ಈ ಬಸ್ಸಿನಲ್ಲಲ್ಲ. ಆಗ ಅದಕ್ಕೆ ಟೈಂಪಾಸ್ ಎಂಬ ಹೆಸರಿರಲಿಲ್ಲ. ‘ಪುರುಸೊತ್ತಿನ ಕೆಲಸ’ ಅನ್ನುತ್ತಿದ್ದರು. ಆ ಮಾತಿನ ವಿಚಾರಣೆಗೆ ಸಾಕ್ಷಾತ್ ಸರ್ಕಾರವೇ ಬಂದು, ಪುತ್ತೂರಿನ ಗುಡ್ಡದ ಮೇಲಿನ ಒಂದು ಸಣ್ಣ ಮನೆಯ ಜಗಲಿಯಲ್ಲಿ ಬೆವರೊರೆಸುತ್ತ ಕುಳಿತದ್ದನ್ನು ನಾನು ಕಣ್ಣಾರೆ ಕಂಡಿದ್ದೇನೆ. ಕಂಡದ್ದೇನು, ನಡುವೆ ನಿಂತು ಒದ್ದಾಡಿದ್ದೇನೆ.

ನಾನು ಸಂಪಾಜೆ ಕಡೆಯ ಹುಡುಗಿ. ಮನೆಯಲ್ಲಿ ಅರೆಭಾಷೆ, ಪೇಟೆಯಲ್ಲಿ ತುಳು, ಶಾಲೆಯಲ್ಲಿ ಪುಸ್ತಕದ ಕನ್ನಡ. ಅರವತ್ತರ ದಶಕ ಆಗಷ್ಟೇ ಶುರುವಾಗಿತ್ತು. ಪುತ್ತೂರಿನ ಪ್ರಾಥಮಿಕ ಶಾಲೆಯೊಂದರಲ್ಲಿ ಟೀಚರಾಗಿ ಸೇರಿದಾಗ ನನಗಿದ್ದ ಆಸ್ತಿಯೆಂದರೆ ಒಂದು ಟ್ರಂಕು, ಒಂದು ಕೊಡೆ ಮತ್ತು ಎಲ್ಲವೂ ನನಗೆ ಗೊತ್ತಿದೆ ಎಂಬ ಧೈರ್ಯ. ಬಾಡಿಗೆಗೆ ಸಿಕ್ಕಿದ ಕೋಣೆಯ ಪಕ್ಕದ ಮನೆ ಬೀಪಾತುಮ್ಮನದು. ಇಬ್ಬರಿಗೂ ಒಂದೇ ಬಾವಿ. ಆಕೆ ಬ್ಯಾರಿ, ಎಂದರೆ ನಮ್ಮ ಕರಾವಳಿಯ ಮುಸ್ಲಿಂ ಹೆಂಗಸು, ಗಂಡ ತೀರಿಹೋಗಿದ್ದ, ಇಬ್ಬರು ಸಣ್ಣ ಹೆಣ್ಣುಮಕ್ಕಳು. ಹೊರಗಿನ ಗಂಡಸರ ಎದುರು ಬರುತ್ತಿರಲಿಲ್ಲ. ಆದರೆ ಬಾವಿಕಟ್ಟೆಯಲ್ಲಿ ನನ್ನ ಜೊತೆ ಮಾತಿಗೆ ನಿಂತರೆ ಕೊಡ ತುಂಬಿ ಹರಿದರೂ ಗೊತ್ತಾಗುತ್ತಿರಲಿಲ್ಲ.

ಆಕೆ ಬೀಡಿ ಕಟ್ಟುತ್ತಿದ್ದಳು. ಬೀಡಿ ಕಟ್ಟುವವರನ್ನು ನೀವು ಹತ್ತಿರದಿಂದ ನೋಡಿದ್ದೀರೋ ಇಲ್ಲವೋ. ಕಾಲು ನೀಡಿ ಕುಳಿತು ತೊಡೆಯ ಮೇಲೆ ತಡ್ಪೆ ಇಟ್ಟುಕೊಳ್ಳುತ್ತಾರೆ. ತಡ್ಪೆ ಎಂದರೆ ಅಕ್ಕಿ ಕೇರುವ ಮೊರವೇ. ಅದರಲ್ಲಿ ಒಂದು ಕಡೆ ಕತ್ತರಿಸಿದ ಎಲೆ, ಒಂದು ಕಡೆ ಹೊಗೆಸೊಪ್ಪಿನ ಪುಡಿ, ಮೂಲೆಯಲ್ಲಿ ನೂಲಿನ ಉಂಡೆ. ಎಲೆಗೆ ಪುಡಿ ಉದುರಿಸಿ, ಸುತ್ತಿ, ತುದಿಯನ್ನು ಉಗುರಿನಿಂದ ಒಳಗೆ ಮಡಚಿ, ನೂಲು ಸುತ್ತಿ ಬಿಸಾಡಿದರೆ ಬೀಡಿ. ಇದೆಲ್ಲ ಮುಗಿಯುವಷ್ಟರಲ್ಲಿ ನಾನು ಒಂದು ಸೀನು ಸೀನಿ ಮೂಗೊರೆಸಿಕೊಂಡಿರುತ್ತಿದ್ದೆ. ಸಂಜೆ ಹೊತ್ತು ಹೋಗದೆ ನಾನೂ ಕಲಿಯಲು ಕುಳಿತೆ. ನಾನು ಕಟ್ಟಿದ್ದನ್ನು ಬೀಪಾತುಮ್ಮ ದೀಪದ ಹತ್ತಿರ ಹಿಡಿದು ನೋಡಿ, “ಟೀಚರ್, ಇದು ಗಬ್ಬದ ಬೀಡಿ, ಹೊಟ್ಟೆ ನೋಡಿ ಇದರದ್ದು” ಎಂದು ನಗುತ್ತಿದ್ದಳು. ಆಮೇಲೆ ಬಿಚ್ಚಿ, ಎಲೆ ಹಾಳಾಗದ ಹಾಗೆ ತಾನೇ ಮತ್ತೆ ಕಟ್ಟುತ್ತಿದ್ದಳು. ಎಲೆಯೆಂದರೆ ಆಕೆಗೆ ಅಷ್ಟು ಜೀವ.

ಆ ಮನೆಯಲ್ಲಿ ತಡ್ಪೆಯನ್ನು ಬರಿದೇ ಇಡುವ ಪದ್ಧತಿ ಇರಲಿಲ್ಲ. ಕೆಲಸ ಮುಗಿದರೂ ನಾಲ್ಕು ಎಲೆ ಅದರಲ್ಲಿ ಉಳಿಸಿ ಗೋಡೆಗೆ ಒರಗಿಸುತ್ತಿದ್ದಳು. “ಗಂಡ ತೀರಿಹೋದಾಗ ಒಮ್ಮೆ ಕವುಚಿ ಹಾಕಿದ್ದೆ. ಅದು ಬಿಟ್ಟರೆ ಇಲ್ಲ” ಎಂದು ಹೇಳಿದ್ದಳು.

ಹಾಗಿರುವಾಗ ಮುಷ್ಕರ ಬಂತು. ಮಂಗಳೂರಿನಲ್ಲಿ ಹುಟ್ಟಿ, ಜಿಲ್ಲೆಯಿಡೀ ಹಬ್ಬಿ, ನಮ್ಮ ಗುಡ್ಡವನ್ನೂ ಹತ್ತಿತು. ಕೂಲಿ ಹೆಚ್ಚು ಮಾಡಬೇಕು, ಚೆನ್ನಾಗಿಲ್ಲವೆಂದು ತೆಗೆದುಹಾಕಿದ ಬೀಡಿಯನ್ನು ಕಟ್ಟಿದವರ ಕಣ್ಣೆದುರೇ ಮುರಿಯಬೇಕು, ಮುರಿಯದೆ ಇಟ್ಟುಕೊಂಡು ಮಾರಬಾರದು, ಇಂಥವು ಬೇಡಿಕೆ. ಎಲೆ ಕೊಟ್ಟು ಬೀಡಿ ತೆಗೆದುಕೊಳ್ಳುವ ಬ್ರಾಂಚಿನ ಚಾವಡಿಯಲ್ಲಿ ಕುಳಿತು ಕಟ್ಟುವ ಗಂಡಸರು ಮೊದಲು ಎದ್ದರು. ಆಮೇಲೆ ಸಂಘದವರು ಮನೆಮನೆಯ ಬಾಗಿಲಲ್ಲಿ ನಿಂತು ಹೆಂಗಸರಿಗೂ ಹೇಳಿದರು: ನಿಲ್ಲಿಸಿದವರು ತಡ್ಪೆಯನ್ನು ಜಗಲಿಯಲ್ಲಿ ಕವುಚಿಡಿ, ದಾರಿಯಲ್ಲಿ ಹೋಗುವವರಿಗೆ ಕಾಣಲಿ. ಮರುದಿನ ನಾನು ಶಾಲೆಗೆ ಹೋಗುವಾಗ ದಾರಿಯುದ್ದಕ್ಕೂ ಜಗಲಿ ಜಗಲಿಯಲ್ಲಿ ಕವುಚಿ ಮಲಗಿದ ತಡ್ಪೆಗಳು. ಬೀಪಾತುಮ್ಮನ ಜಗಲಿಯಲ್ಲೂ ಇತ್ತು. ಗಂಡ ತೀರಿಹೋದಾಗ ಬಿಟ್ಟರೆ ಕವುಚದ ತಡ್ಪೆ ಅದು.

ಮುಷ್ಕರ ಉದ್ದವಾದಂತೆ ಪೇಟೆಯ ಗಂಡಸರ ಸ್ವಭಾವವೂ ಕೆಟ್ಟಿತು. ಗೂಡಂಗಡಿಗಳಲ್ಲಿ ಬೀಡಿ ಖಾಲಿ. ಹೊರಗಿನಿಂದ ಬಂದ ಯಾವುದೋ ಬೀಡಿ ಸೇದಿ ಎಲ್ಲರಿಗೂ ಕೆಮ್ಮು. ಬೀಡಿ ಮುಟ್ಟುವುದೇ ಇಲ್ಲ ಎಂದು ಊರೆಲ್ಲ ನಂಬಿದ್ದ ನಮ್ಮ ಹೆಡ್‌ಮಾಸ್ಟರರು ಆ ದಿನಗಳಲ್ಲಿ ಕಾರಣವಿಲ್ಲದೆ ಮಕ್ಕಳ ಮೇಲೆ ಹರಿಹಾಯುತ್ತಿದ್ದರು. ಆಗ ನಮಗೆಲ್ಲ ವಿಷಯ ತಿಳಿಯಿತು. ಅವರೇ ನನ್ನನ್ನು ಕರೆದು, “ನೋಡಿ ಟೀಚರ್, ನೀವು ಸರ್ಕಾರದ ಸಂಬಳದವರು. ಮುಷ್ಕರದ ಮನೆಗಳಿಗೆ ಹೋಗುದು ಬರುದು ಎಲ್ಲ ಬೇಡ” ಎಂದರು. ಊರಿಗೆ ಹೋದಾಗ ಅಪ್ಪನದ್ದೂ ಅದೇ ರಾಗ: “ನಿಂಗೆ ಆ ಉಸಾಬರಿ ಬೊತ್ತು.” ಅಪ್ಪ ಬೊತ್ತು ಎಂದರೆ ಬೇಡ, ಅಷ್ಟೆ, ಅದರ ಮೇಲೆ ಮಾತಿಲ್ಲ. ಬಾವಿ ಒಂದೇ ಇರುವಾಗ ಹೋಗದೆ ಬರದೆ ಇರುವುದು ಹೇಗೆಂದು ಇಬ್ಬರೂ ಹೇಳಲಿಲ್ಲ.

ಸರ್ಕಾರ ಮೊದಲು ಪೊಲೀಸರನ್ನು ಕಳಿಸಿತು. ಬ್ರಾಂಚಿಗೆ ರಕ್ಷಣೆ ಬೇಕೆಂದು ಬೀಡಿ ಸಾಹುಕಾರರು ಅರ್ಜಿ ಕೊಟ್ಟಿದ್ದರಂತೆ. ಲಾಠಿ ಹಿಡಿದವರು ಬಾಗಿಲಲ್ಲಿ ನಿಂತರು, ಪೇಟೆಯಲ್ಲಿ ಗುಂಪು ಸೇರಬಾರದೆಂದು ಡಂಗುರವಾಯಿತು. ಮನೆಯಲ್ಲಿ ಕೂತವರಿಗೆ ಗುಂಪು ಸೇರುವ ಪ್ರಶ್ನೆಯೇ ಇಲ್ಲ. ಅವರ ತಡ್ಪೆ ಕವುಚಿದ್ದು ಕವುಚಿಯೇ ಇತ್ತು. ಲಾಠಿಯಿಂದ ತಡ್ಪೆಯನ್ನು ಮಗುಚಲು ಆಗುವುದಿಲ್ಲ ಎಂದು ಸರ್ಕಾರಕ್ಕೆ ಅರ್ಥವಾಗಿರಬೇಕು, ಸ್ವಲ್ಪ ದಿನದಲ್ಲಿ ಕಾರ್ಮಿಕ ಇಲಾಖೆಯ ಅಧಿಕಾರಿಯೊಬ್ಬರನ್ನು ರಾಜಿ ಮಾಡಿಸಲು ಕಳಿಸಿತು. ನಾವು ಮದ್ರಾಸು ಬಿಟ್ಟು ಮೈಸೂರು ರಾಜ್ಯಕ್ಕೆ ಸೇರಿ ಆಗ ಕೆಲವೇ ವರ್ಷ. ಈ ಅಧಿಕಾರಿ ಘಟ್ಟದ ಮೇಲಿನವರು. ನಮ್ಮ ಸೆಕೆಯಲ್ಲೂ ಕೋಟು ಬಿಚ್ಚದ ಸಂಭಾವಿತರು.

ಪ್ರವಾಸಿ ಬಂಗಲೆಯಲ್ಲಿ ಮಾತುಕತೆ ಶುರುವಾಯಿತು. ಗಂಡಸರ ವಿಷಯ ಹೇಗೋ ಒಂದು ದಾರಿಗೆ ಬಂತು. ತೊಡಕಾದದ್ದು ಹೆಂಗಸರದ್ದು. ಸಾಹುಕಾರರು ಹೇಳಿದರಂತೆ: ಚಾವಡಿಯಲ್ಲಿ ಕೂತು ಕಟ್ಟುವವರು ನಮ್ಮ ಕೆಲಸಗಾರರು ಹೌದು. ಮನೆಯಲ್ಲಿ ಕಟ್ಟುವ ಹೆಂಗಸರು ಕೆಲಸಗಾರರೇ ಅಲ್ಲ. ಪುರುಸೊತ್ತಾದಾಗ ನಮ್ಮಿಂದ ಎಲೆ ಕೊಂಡುಹೋಗುತ್ತಾರೆ, ಹೊತ್ತು ಹೋಗಲು ಕಟ್ಟಿ ತಂದು ಮಾರುತ್ತಾರೆ. ರಾಜಿಯಲ್ಲಿ ಅವರ ಮಾತು ಬರಕೂಡದು. ಬೇಡ ಅಂತ ನಿಲ್ಲಿಸಿದವರಿಗೆ ಇನ್ನು ಮೇಲೆ ಎಲೆ ಕೊಡುವ ಹಂಗೂ ನಮಗಿಲ್ಲ.

ಈ ಕೊನೆಯ ಮಾತು ಸಂಜೆಯೊಳಗೆ ಗುಡ್ಡ ಹತ್ತಿ ನಮ್ಮ ಬಾವಿಕಟ್ಟೆಗೆ ಬಂತು. ಬೀಪಾತುಮ್ಮ ನೀರು ಸೇದುವುದನ್ನು ನಿಲ್ಲಿಸಿ ಹಗ್ಗ ಹಿಡಿದುಕೊಂಡೇ ನಿಂತಳು. ಎಲೆ ಇಲ್ಲವೆಂದರೆ ಆ ಮನೆಯಲ್ಲಿ ಗಂಜಿಯಿಲ್ಲ, ಅಷ್ಟು ಸರಳ. “ಮೋರೆಗೆ ಕಲ್ಲು ಬೀಸಿದ್ದರೂ ಸಹಿಸಬಹುದಿತ್ತು ಟೀಚರ್” ಎಂದು ಏನೋ ಹೇಳಹೊರಟವಳು, ಅರ್ಧಕ್ಕೆ ಬಿಟ್ಟು ಕೊಡ ಎತ್ತಿಕೊಂಡು ಒಳಗೆ ಹೋದಳು.

ಅಧಿಕಾರಿ ಮಾತ್ರ ಒಂದು ಕಡೆಯ ಮಾತು ಕೇಳಿ ಬರೆದುಕೊಂಡು ಹೋಗುವ ಜಾತಿಯವರಲ್ಲ. ತಾವೇ ಮನೆ ನೋಡಬೇಕು, ಹೆಂಗಸರನ್ನು ಕೇಳಬೇಕು ಎಂದರು. ಆದರೆ ಪರದೆಯ ಒಳಗಿನವರನ್ನು ಕೇಳುವುದು ಹೇಗೆ? ನಡುವೆ ನಿಂತು ಮಾತು ದಾಟಿಸಲು ಒಬ್ಬ ಹೆಂಗಸು ಬೇಕಾಯಿತು, ಅದೂ ಸರ್ಕಾರದ ಕಡೆಯವಳೇ. ಹೆಡ್‌ಮಾಸ್ಟರರು ನನ್ನನ್ನು ಮತ್ತೆ ಕರೆದರು. “ಟೀಚರ್, ನೀವು ಮುಷ್ಕರದ ಮನೆಗಳಿಗೆ ಹೋಗಿ ಬರುವವರಲ್ವಾ?” ಎಂದರು. ನಾನು ಹೌದೆನ್ನಲೋ ಇಲ್ಲವೆನ್ನಲೋ ತಿಳಿಯದೆ ಸೀರೆಯ ಸೆರಗು ಸರಿಮಾಡಿಕೊಂಡೆ.

ಹಾಗೆ ಒಂದು ಮಧ್ಯಾಹ್ನ ಸರ್ಕಾರ ನಮ್ಮ ಗುಡ್ಡ ಹತ್ತಿತು. ಅಧಿಕಾರಿ ಜಗಲಿಯ ಬೆಂಚಿನಲ್ಲಿ, ಕವುಚಿಟ್ಟ ತಡ್ಪೆಯ ಪಕ್ಕದಲ್ಲೇ ಕುಳಿತರು. ಬ್ರಾಂಚಿನ ಲೆಕ್ಕ ಬರೆಯುವ ರೈಟರ್ ಮೋನಪ್ಪಣ್ಣ ಸಾಹುಕಾರರ ಕಡೆಯಿಂದ ಬಂದು ಅಂಗಳದ ಹಲಸಿನ ಮರದಡಿ ನಿಂತ. ಕೆಟ್ಟವನಲ್ಲ ಮೋನಪ್ಪಣ್ಣ. ಹೇಳಿಕೊಟ್ಟದ್ದನ್ನು ಹೇಳಬೇಕಾದ ಹೊಟ್ಟೆಪಾಡು ಅವನದ್ದು. ನಾನು ಹೊಸ್ತಿಲಲ್ಲಿ, ಅರ್ಧ ಒಳಗೆ ಅರ್ಧ ಹೊರಗೆ. ಪರದೆಯ ಹಿಂದೆ ಬೀಪಾತುಮ್ಮ.

“ಕೇಳಿ ಮೇಡಂ, ಆಕೆ ಬೀಡಿ ಕಟ್ಟೋದು ಕೂಲಿಗೋ, ಹೊತ್ತು ಕಳೆಯೋದಕ್ಕೋ?” ಎಂದರು ಅಧಿಕಾರಿ.

ನಾನು ಪರದೆಯೊಳಗೆ ತಲೆ ಹಾಕಿದೆ. “ಸರ್ಕಾರದವರಿಗೆ ಊಟ ಆಗಿದೆಯಾ ಕೇಳಿ” ಎಂದಳು ಬೀಪಾತುಮ್ಮ.

“ಮೊದಲು ಅವರ ಪ್ರಶ್ನೆಗೆ ಉತ್ತರ ಕೊಡಿ.”

“ಮನೆಗೆ ಬಂದವರನ್ನು ಮೊದಲು ಎಂತ ಕೇಳುದು ಅಂತ ನಿಮಗೆ ಶಾಲೆಯಲ್ಲಿ ಕಲಿಸಿಲ್ವಾ ಟೀಚರ್?”

ಊಟ ಆಗಿದೆ ಎಂಬುದು ಹೊರಗಿನಿಂದ ಒಳಗೆ ಬಂತು. ಹಾಗಾದರೆ ಕಣ್ಣ ಚಾಯ ಆಗಬಹುದು ಎಂಬುದು ಒಳಗಿನಿಂದ ಹೊರಗೆ ಹೋಯಿತು. ಬೆಲ್ಲದ ಕಪ್ಪು ಚಹಾ ಅವರ ಕೈಗೆ ಬಂದ ಮೇಲೆಯೇ ವಿಚಾರಣೆಗೆ ಒಳಗಿನಿಂದ ಅಪ್ಪಣೆ ಸಿಕ್ಕಿತು. ಕೂಲಿಗೇ ಕಟ್ಟುವುದು, ಬೆಳಕಿರುವಷ್ಟು ಹೊತ್ತೂ ಕಟ್ಟುವುದು ಎಂದು ಆಕೆ ಹೇಳಿದ್ದನ್ನು ನಾನು ಹೊರಗೆ ದಾಟಿಸಿದೆ.

ಮರದಡಿಯಿಂದ ಮೋನಪ್ಪಣ್ಣ ಕೆಮ್ಮಿದ. “ಸರ್, ಬಾಯಿಮಾತಲ್ಲಿ ಯಾರೂ ಹೇಳಬಹುದು. ಇವರೆಲ್ಲ ಪುರುಸೊತ್ತಲ್ಲಿ ಎರಡು ಕಟ್ಟುವವರು. ನಿಜವಾಗಿ ಕೈ ಪಳಗಿದವರಾ ಅಂತ ನೀವೇ ನೋಡಿ ಬೇಕಾದ್ರೆ.”

ಅಧಿಕಾರಿಗೆ ಅದು ನ್ಯಾಯವೆನಿಸಿತು. “ಅದೂ ಸರಿಯೇ. ನಾನು ಕಣ್ಣಾರೆ ಕಂಡೆ ಅಂತ ಹೇಳೋ ಹಾಗಿರಬೇಕು. ಎದುರು ಬರೋದು ಬೇಡ, ಒಳಗೇ ಕೂತು ಒಂದೇ ಒಂದು ಬೀಡಿ ಕಟ್ಟಿ ಕಳಿಸಲಿ. ನೋಡಿದರೆ ಗೊತ್ತಾಗುತ್ತೆ.”

ನನಗೆ ಎಷ್ಟು ಸಂತೋಷವಾಯಿತೆಂದರೆ, ಗೆದ್ದೇಬಿಟ್ಟೆವು ಎಂದುಕೊಂಡೆ. ಬೀಪಾತುಮ್ಮನ ಬೀಡಿ ನೋಡಿದ ಮೇಲೆ ಯಾರಾದರೂ ಎರಡು ಮಾತಾಡುವುದುಂಟೇ? ಗೋಡೆಯ ಬದಿಯಲ್ಲಿ ಒಣಗಿದ ನಾಲ್ಕು ಎಲೆ, ಡಬ್ಬಿಯಲ್ಲಿ ಚೂರು ಪುಡಿ ಇತ್ತು. ನಾನು ಆಗಲೇ ಎಲೆಗೆ ನೀರು ಚಿಮುಕಿಸಲು ಹೊರಟೆ.

“ಇಡಿ ಅದನ್ನು ಕೆಳಗೆ” ಎಂದಳು ಬೀಪಾತುಮ್ಮ. “ನಾನು ಕಟ್ಟುದಿಲ್ಲ.”

ನಾನು ಎಲೆ ಕೆಳಗಿಡಲಿಲ್ಲ. “ಒಂದು, ಒಂದೇ ಒಂದು. ಇಲ್ಲದಿದ್ದರೆ ನಿಮಗೆ ಎಲೆ ಇಲ್ಲ ಅಂತ ಆಗ್ತದೆ. ಮಕ್ಕಳ ಮುಖ ನೋಡಿ.”

“ಟೀಚರ್, ನೋಂಬು ಹಿಡಿದವಳು ಒಂದೇ ಒಂದು ತುತ್ತು ತಿಂದರೆ ಎಂತ ಆಗ್ತದೆ?”

“ನೋಂಬು ಮುರೀತದೆ.”

“ಹಾಂ. ನಿಲ್ಲಿಸಿದೆ ಅಂತ ತಡ್ಪೆ ಕವುಚಿದ್ದೇನೆ. ಈ ಗುಡ್ಡದಲ್ಲಿ ಎಷ್ಟು ಮನೆಯಲ್ಲಿ ಕವುಚಿದ್ದಾರೆ. ಮೋನಪ್ಪಣ್ಣ ಅಲ್ಲಿ ನಿಂತದ್ದು ಎಂತಕ್ಕೆ ಅಂತ ಗ್ರಹಿಸಿದ್ದೀರಿ? ನಾನು ಒಂದು ಕಟ್ಟಿದರೆ, ಬೀಪಾತುಮ್ಮ ಕಟ್ಟಲು ಕೂತಳು ಅಂತ ಸಂಜೆ ಒಳಗೆ ಊರಿಡೀ ಹೇಳ್ತಾರೆ.”

ಅಷ್ಟು ದೂರದ ಯೋಚನೆ ನನ್ನ ತಲೆಗೆ ಹೊಳೆದೇ ಇರಲಿಲ್ಲ. ನಾನು ಕಲಿತವಳಲ್ಲವೇ, ಇನ್ನೊಂದು ಉಪಾಯ ತೆಗೆದೆ. “ಹಾಗಾದರೆ ನಾನು ಕಟ್ಟಿ ಕೊಡಲಾ? ನೀವು ಕಟ್ಟಿದ್ದು ಅಂತ ಹೇಳುವ.”

ಅಂಥ ಹೊತ್ತಿನಲ್ಲೂ ಆಕೆಗೆ ನಗು ತಡೆಯಲಾಗಲಿಲ್ಲ. ಸೆರಗನ್ನು ಬಾಯಿಗೆ ಒತ್ತಿಕೊಂಡಳು. “ಬೇಡ ಮಾರಾಯ್ರೆ. ನೀವು ಕಟ್ಟಿದ ಬೀಡಿ ನೋಡಿದರೆ ಸರ್ಕಾರ ಖಂಡಿತ ಹೇಳ್ತದೆ, ಇದು ಪುರುಸೊತ್ತಿನ ಕೆಲಸವೇ ಅಂತ.” ನಗು ನಿಂತ ಮೇಲೆ ಕಣ್ಣು ಒರೆಸಿಕೊಂಡಳು. ಅದು ನಗುವಿನ ನೀರು ಮಾತ್ರ ಆಗಿರಲಿಲ್ಲ. “ಹೋಗಿ ಹೇಳಿ ಅವರಿಗೆ. ಪುರುಸೊತ್ತಿನ ಕೆಲಸವನ್ನು ಯಾರಾದರೂ ನಿಲ್ಲಿಸ್ತಾರಾ? ಅದು ತಾನಾಗಿ ನಿಲ್ತದೆ, ತಾನಾಗಿ ಹೊರಡ್ತದೆ. ನಿಲ್ಲಿಸಿದ ದಿವಸ ಒಲೆ ಹೊತ್ತದಿದ್ದರೆ ಅದು ಕೆಲಸ. ನಮ್ಮ ಒಲೆ ಬೇಕಾದರೆ ಬಂದು ನೋಡಲಿ, ನಾನು ಆಚೆ ಕೋಣೆಗೆ ಹೋಗ್ತೇನೆ.”

ಅಧಿಕಾರಿಗೆ ಕೊಟ್ಟ ಚಹಾ ಯಾರ ಒಲೆಯಲ್ಲಿ ಕಾದದ್ದೆಂದು ನಾನು ಆಗ ನೆನೆದೆ. ನನ್ನ ಒಲೆಯಲ್ಲೇ, ನನ್ನ ಬೆಲ್ಲದಲ್ಲೇ.

ನಾನು ಹೊಸ್ತಿಲಿಗೆ ಬಂದು, ಆಕೆ ಹೇಳಿದ್ದನ್ನು ಒಂದು ಮಾತು ಬಿಡದೆ ಹೇಳಿದೆ. ನೋಂಬಿನ ಮಾತೂ ಸೇರಿ. ನನ್ನ ಉಪಾಯವೊಂದನ್ನು ಬಿಟ್ಟೆ. ಅಧಿಕಾರಿ ಒಲೆ ನೋಡಲು ಏಳಲಿಲ್ಲ. ಕೈಯಲ್ಲಿದ್ದ ಲೋಟವನ್ನು ನೋಡಿ ಕೆಳಗಿಟ್ಟರು. ಪಕ್ಕದಲ್ಲಿದ್ದ ತಡ್ಪೆಯ ಬೆನ್ನನ್ನು ಬೆರಳಿನಿಂದ ಮುಟ್ಟಿದರು. ಆಮೇಲೆ ಮರದ ಕಡೆ ತಿರುಗಿದರು.

“ರೈಟರೇ, ಬ್ರಾಂಚಿಗೆ ಪೊಲೀಸು ಬೇಕು ಅಂತ ಕೇಳಿದ್ದು ನಿಮ್ಮ ಯಜಮಾನರೇ ತಾನೆ?”

“ಹೌದು ಸರ್. ಬೀಡಿ ಬರುದೇ ನಿಂತಿತಲ್ಲ. ಲೋಡು ಹೋಗಲಿಕ್ಕೆ ಉಂಟು.”

“ಚಾವಡಿಯವರು ಕಟ್ಟೋದರಿಂದಲೇ ಲೋಡು ತುಂಬುತ್ತಿತ್ತೇನು?”

“ಅದೆಲ್ಲಿ ಸಾಕಾಗ್ತದೆ ಸರ್? ಮನೆಯಿಂದ ಬರುದೇ ಹೆಚ್ಚು” ಎಂದ ಮೋನಪ್ಪಣ್ಣ. ಹೇಳಿ ಮುಗಿದ ಮೇಲೆ ತಾನು ಹೇಳಿದ್ದೇನೆಂದು ಅವನಿಗೇ ಕೇಳಿಸಿತು. ತಲೆಯ ಮುಟ್ಟಾಳೆ ತೆಗೆದು ತಲೆ ತುರಿಸಿಕೊಂಡ.

“ಹೊತ್ತು ಕಳೆಯೋರು ಕೈಬಿಟ್ಟಿದ್ದಕ್ಕೆ ಸರ್ಕಾರ ಪೊಲೀಸರನ್ನು ಕಳಿಸಬೇಕಾಯ್ತೇನ್ರೀ?” ಎಂದರು ಅಧಿಕಾರಿ. ಗದರಿಸಿ ಹೇಳಲಿಲ್ಲ. ಎದ್ದು, ಪರದೆಯ ಕಡೆಗೆ ಕೈ ಮುಗಿದು, “ಚಹಾ ಚೆನ್ನಾಗಿತ್ತು ಅಂತ ಹೇಳಿ ಮೇಡಂ” ಎಂದು ಗುಡ್ಡ ಇಳಿದರು. ಇಳಿಯುವಾಗ ಕೋಟು ಬಿಚ್ಚಿ ತೋಳಿನ ಮೇಲೆ ಹಾಕಿಕೊಂಡಿದ್ದರು.

ರಾಜಿಯಾಯಿತು. ಚಾವಡಿಯವರಿಗೆ ಸಿಕ್ಕಿದ ಕೂಲಿಯೇ ಮನೆಯಲ್ಲಿ ಕಟ್ಟುವವರಿಗೂ, ನಿಲ್ಲಿಸಿದ್ದಕ್ಕಾಗಿ ಯಾರಿಗೂ ಎಲೆ ತಪ್ಪಿಸಬಾರದು ಎಂದು ಮಾತಾಯಿತು. ಸರ್ಕಾರ ದೇವರಾಗಿಬಿಟ್ಟಿತು ಎಂದು ನಾನು ಹೇಳುತ್ತಿಲ್ಲ. ಲಾಠಿ ಕಳಿಸಿದ್ದೂ ಅದೇ ಸರ್ಕಾರ. ಕೂಲಿ ಹೆಚ್ಚಾದದ್ದು ಕೇಳಿದಷ್ಟಲ್ಲ. ಬೀಡಿಯವರಿಗೊಂದು ಕಾನೂನು ಬರಲು ಮತ್ತೂ ಕೆಲವು ವರ್ಷ ಹಿಡಿಯಿತು, ಬಂದ ಕಾನೂನಿನ ಸಂದಿಯಲ್ಲಿ ನುಸುಳಲು ಸಾಹುಕಾರರಿಗೆ ಅಷ್ಟು ಹಿಡಿಯಲಿಲ್ಲ. ಆದರೂ ಎಲೆ ಬಂತು.

ಎಲೆ ಬಂದ ದಿನ ಬೀಪಾತುಮ್ಮ ಜಗಲಿಯ ತಡ್ಪೆಯನ್ನು ಮಗುಚಿ, ಸೆರಗಿನಿಂದ ಒರೆಸಿ, ಕಾಲು ನೀಡಿ ಕುಳಿತಳು. ಮೊದಲ ಬೀಡಿ ಕಟ್ಟಿ ನನ್ನ ಕೈಗಿಟ್ಟಳು. “ಇದು ಸರ್ಕಾರಕ್ಕೆ. ಒಂದು ಕೇಳಿದ್ದರಲ್ಲ ಪಾಪ, ಬರಿಗೈಯಲ್ಲಿ ಹೋದರು.” ಅಷ್ಟರಲ್ಲಿ ಸರ್ಕಾರ ಘಟ್ಟ ಹತ್ತಿ ಎಷ್ಟು ದಿನವಾಗಿತ್ತೋ. ಬೀಡಿಯನ್ನು ಕರವಸ್ತ್ರದಲ್ಲಿ ಸುತ್ತಿ ಟ್ರಂಕಿನಲ್ಲಿಟ್ಟೆ. ಊರಿಗೆ ಹೋದಾಗ ಅಪ್ಪ ನನ್ನ ಟ್ರಂಕಿನ ಬೀಗ ರಿಪೇರಿ ಮಾಡಲು ಕುಳಿತವನು, ಅದನ್ನು ಕಂಡು, ಏನೂ ಕೇಳದೆ ಹಚ್ಚಿಯೇಬಿಟ್ಟ. ಕಣ್ಣು ಮುಚ್ಚಿ ಹೊಗೆ ಬಿಟ್ಟು, ಇಂಥ ಬೀಡಿ ಸೇದಿ ಎಷ್ಟು ಕಾಲವಾಯಿತು ಎಂದ. ಮಗಳ ಟ್ರಂಕಿನಲ್ಲಿ ಬೀಡಿ ಯಾಕಿತ್ತು ಎಂಬುದು ಅವನಿಗೆ ಹೊಳೆದದ್ದು ಬೀಡಿ ಮುಗಿದ ಮೇಲೆ. ಕೇಳಿದ, ಹೇಳಿದೆ. ಆ ಉಸಾಬರಿ ಬೊತ್ತು ಎಂದು ಅಪ್ಪ ಆಮೇಲೆ ಹೇಳಿದ್ದು ನೆನಪಿಲ್ಲ.

ನನಗೆ ಬೇರೆ ಊರಿಗೆ ವರ್ಗವಾಯಿತು, ಬಾವಿ ಬದಲಾಯಿತು. ಬೀಪಾತುಮ್ಮ ತೀರಿಕೊಂಡ ಸುದ್ದಿ ಕೇಳಿ ಹೋದಾಗ ಮಕ್ಕಳು ತಡ್ಪೆಯನ್ನು ಜಗಲಿಯಲ್ಲಿ ಕವುಚಿಟ್ಟಿದ್ದರು. ಯಾರೂ ಹೇಳಿಕೊಟ್ಟದ್ದಲ್ಲವಂತೆ. ಅಲ್ಲಿ ನಾನು ಅತ್ತೆ, ಚೆನ್ನಾಗಿಯೇ ಅತ್ತೆ.

ಇದೆಲ್ಲವನ್ನೂ ಬಸ್ಸಿನ ಆ ಹೆಂಗಸಿಗೆ ಹೇಳಿದೆನೇ? ಆತೂರು ದಾಟಿ ಉಪ್ಪಿನಂಗಡಿ ಹತ್ತಿರ ಬರುವಷ್ಟರಲ್ಲಿ ಎಷ್ಟು ಹೇಳಲು ಸಾಧ್ಯವೋ ಅಷ್ಟು ಹೇಳಿದೆ. ಮುದುಕಿಯರ ಪುರಾಣ ಕೇಳುವ ತಾಳ್ಮೆ ಈಗ ಯಾರಿಗಿದೆ ಎಂದುಕೊಂಡಿದ್ದೆ, ಅವಳು ಕೇಳಿದಳು. ಪುರುಸೊತ್ತಿನ ಕೆಲಸವನ್ನು ಯಾರಾದರೂ ನಿಲ್ಲಿಸ್ತಾರಾ ಎಂಬ ಮಾತು ಬಂದಾಗ ನಗಲಿಲ್ಲ. ತನ್ನ ಹೆಬ್ಬೆರಳ ಉಗುರನ್ನು ನೋಡಿಕೊಂಡಳು, ಬೀಡಿಯ ತುದಿ ಮಡಚಿ ಮಡಚಿ ಸವೆದ ಉಗುರು.  ಅತಿಯಾಗಿ ಪಾಠ ಮಾಡಿದೆನೇನೋ ಎಂದು ನನಗೆ ನಾಚಿಕೆಯಾಯಿತು.

ಉಪ್ಪಿನಂಗಡಿ ಸ್ಟೇಂಡಿನಲ್ಲಿ ಅವಳು ಚೀಲವನ್ನು ಸೀಟಿನಡಿಯಿಂದ ಎಳೆದು ಎದೆಗೆ ಅಪ್ಪಿಕೊಂಡು ಎದ್ದಳು. ಬಾಗಿಲಲ್ಲಿ ಜನ ನುಗ್ಗುತ್ತಿದ್ದರು. ಕಂಡಕ್ಟರ್ ಹುಡುಗ ಕೂಗಿದ: “ಅಕ್ಕ, ಬೇಗ ಇಳೀರಿ. ದಾರಿಗೆ ಅಡ್ಡ, ಎಂತ ಅದು ಚೀಲದಲ್ಲಿ?”

ಅವಳು ಒಮ್ಮೆ ತಿರುಗಿ ನನ್ನನ್ನು ನೋಡಿದಳು.

“ಕೆಲಸ ಮಾರಾಯ,” ಎಂದಳು, ಬಸ್ಸಿಗೆಲ್ಲ ಕೇಳುವ ಹಾಗೆ. “ಸ್ವಲ್ಪ ಬದಿಗೆ ನಿಲ್ಲು.”